ಟಾಮಿ ಫ್ಲಾನಗನ್ ಮತ್ತು ಕಾಂಪಿಂಗ್: ಜ್ಯಾಝ್ ಪಿಯಾನೊ ಕಲಿಯುವವರಿಗೆ ಒಂದು ಟಿಪ್ಪಣಿ

ಜ್ಯಾಝ್ ಪಿಯಾನೊ ಕಲಿಯೋಕೆ ಕೂತರೆ ಎಲ್ಲರ ಕಣ್ಣೂ ಸೋಲೊ (ಒಬ್ಬರೇ ಮುಂದೆ ಬಂದು ನುಡಿಸುವ ಭಾಗ) ಮೇಲೇ ಇರುತ್ತದೆ. ನನ್ನದೂ ಹಾಗೇ ಇತ್ತು. ಆದರೆ ಬ್ಯಾಂಡಿನಲ್ಲಿ ಪಿಯಾನೊದವರ ಹೆಚ್ಚಿನ ಹೊತ್ತು ಕಳೆಯುವುದು ಬೇರೆಯವರ ಹಿಂದೆ ಕಾರ್ಡ್ (ಒಟ್ಟಿಗೆ ನುಡಿಸುವ ಸ್ವರಗಳ ಗುಂಪು) ಹಾಕುವುದರಲ್ಲಿ. ಇದಕ್ಕೆ ಕಾಂಪಿಂಗ್ ಅಂತಾರೆ. ನಮ್ಮ ಕಛೇರಿಯ ಪಿಟೀಲಿನ ಹಾಗೆ ಹಾಡಿನ ಎಳೆಯನ್ನೇ ಹಿಂಬಾಲಿಸುವ ಕೆಲಸ ಅಲ್ಲ ಇದು. ರಾಗವನ್ನು ಹಾಡುವವರಿಗೇ ಬಿಟ್ಟು, ಅವರ ಕಾಲ ಕೆಳಗೆ ನೆಲ ಹಾಸುತ್ತಾ ಹೋಗಬೇಕು.

ಈ ಕೆಲಸದಲ್ಲಿ ಪಳಗಿದ ಜ್ಯಾಝ್ ಪಿಯಾನೊ ವಾದಕ ಟಾಮಿ ಫ್ಲಾನಗನ್ ಹುಟ್ಟಿದ್ದು 1930ರಲ್ಲಿ, ಅಮೆರಿಕದ ಡೆಟ್ರಾಯ್ಟ್‌ನಲ್ಲಿ. ಮೊದಲು ಕಲಿತದ್ದು ಕ್ಲಾರಿನೆಟ್, ಪಿಯಾನೊ ಆಮೇಲೆ. ಊರಿನ ಬ್ಲೂ ಬರ್ಡ್ ಇನ್ ಕ್ಲಬ್‌ನಲ್ಲಿ ನುಡಿಸಿದರು, ನಡುವೆ ಸೇನೆಗೂ ಹೋಗಿಬಂದರು. 1956ರಲ್ಲಿ ನ್ಯೂಯಾರ್ಕ್ ಸೇರಿದರು. ಅದೇ ವರ್ಷ ಸ್ಯಾಕ್ಸೊಫೋನ್ ವಾದಕ ಸಾನಿ ರಾಲಿನ್ಸ್ ಅವರ 'ಸ್ಯಾಕ್ಸೊಫೋನ್ ಕೊಲೊಸಸ್' ಆಲ್ಬಮ್‌ನಲ್ಲಿ ಪಿಯಾನೊ ಇವರದೇ! ಮರುವರ್ಷ ಸ್ಟಾಕ್‌ಹೋಮ್‌ನಲ್ಲಿ ತಮ್ಮದೇ ಹೆಸರಿನ ಮೊದಲ ಟ್ರಿಯೊ (ಮೂವರ ತಂಡ) ರೆಕಾರ್ಡಿಂಗ್ ಆಯಿತು.

ಈಗ ಎಲ್ಲರೂ ಮಾತಾಡುವ ಆ ಘಟನೆಗೆ ಬರೋಣ. 1959ರ ಮೇ ತಿಂಗಳು, ಸ್ಯಾಕ್ಸೊಫೋನ್ ವಾದಕ ಜಾನ್ ಕೋಲ್ಟ್ರೇನ್ ಅವರ 'ಜೈಂಟ್ ಸ್ಟೆಪ್ಸ್' ರೆಕಾರ್ಡಿಂಗ್, ಪಿಯಾನೊದಲ್ಲಿ ಫ್ಲಾನಗನ್. ಬರೀ 16 ಬಾರ್ (ನಮ್ಮ ತಾಳದ ಆವರ್ತದಂಥ ಅಳತೆ) ಒಳಗೆ 26 ಕಾರ್ಡ್. ಬಿ, ಜಿ, ಇ ಫ್ಲ್ಯಾಟ್ ಅಂತ ಮೂರು ಕೀಗಳ (ಆಧಾರ ಶ್ರುತಿಗಳ) ನಡುವೆ ಜಿಗಿಯುತ್ತಲೇ ಇರಬೇಕು, ಅದೂ ಉಸಿರುಗಟ್ಟಿಸುವ ವೇಗದಲ್ಲಿ. ಕೋಲ್ಟ್ರೇನ್ ಮೊದಲೇ ಅಭ್ಯಾಸ ಮಾಡಿದ್ದರಿಂದ ಹರಿಯುತ್ತಾ ಹೋದರು. ಫ್ಲಾನಗನ್ ಸೋಲೊ ಚೆನ್ನಾಗೇ ಶುರುವಾಗಿ, ಆಮೇಲೆ ತಡವರಿಸಿ, ಸಾಲು ತುಂಡಾಗಿ, ಕೊನೆಗೆ ಬರೀ ಕಾರ್ಡ್‌ಗಳಿಗೆ ಇಳಿಯುತ್ತದೆ. ಇದನ್ನು ಹಿಡಿದುಕೊಂಡು ನಗುವವರು ಈಗಲೂ ಇದ್ದಾರೆ. ನನಗೆ ಅದು ಸರಿ ಅನ್ನಿಸಲ್ಲ. ಬೆರಳಿಗೆ ಸಾಲು ಸಿಗದಿದ್ದಾಗ ಅವರು ತಾಳ ಬಿಡಲಿಲ್ಲ, ಕಾರ್ಡ್ ಹಿಡಿದುಕೊಂಡು ಜಾಗ ಕಾಯ್ದುಕೊಂಡರು. ಪಕ್ಕದಲ್ಲಿ ಕೂತು ನುಡಿಸಿ ಪಳಗಿದ ಕೈ ಮಾಡುವ ಕೆಲಸ ಅದು, ಅಲ್ವಾ?

ಗಾಯಕಿ ಎಲ್ಲಾ ಫಿಟ್ಜ್‌ಜೆರಾಲ್ಡ್ ಜೊತೆಗಿನ ಕೆಲಸ ಮಾತ್ರ ನಿಧಾನವಾಗಿ ಕೂತು ಕೇಳಬೇಕಾದದ್ದು. 1963ರಿಂದ 65, ಮತ್ತೆ 1968ರಿಂದ 78ರವರೆಗೆ, ಹೆಚ್ಚುಕಮ್ಮಿ 12 ವರ್ಷ. ಮೂರು ವಿಷಯ ಗಮನಿಸಿ. ಶುರುವಿನ ನಾಲ್ಕು ಬಾರ್‌ನಲ್ಲೇ ಗಾಯಕಿಗೆ ಕೀ, ವೇಗ, ಮನಸ್ಥಿತಿ ಎಲ್ಲಾ ಸಿಗಬೇಕು. ಹಾಡಿನ ಸಾಲು ಮುಗಿದು ಅವರು ಉಸಿರು ಎಳೆಯುವ ಸಂದಿನಲ್ಲಿ ಮಾತ್ರ ಪಿಯಾನೊ ಒಂದು ಚಿಕ್ಕ ಮಾತು ಆಡಬಹುದು, ಜಾಸ್ತಿ ಆಡಿದರೆ ಮುಂದಿನ ಸಾಲಿನ ಮೇಲೆ ಬಿದ್ದಂತೆ. ಇನ್ನು ಬೇಸ್ (ತಗ್ಗು ಸ್ವರದ ದೊಡ್ಡ ತಂತಿವಾದ್ಯ) ಇದ್ದಾಗ ಎಡಗೈಯಲ್ಲಿ ರೂಟ್, ಅಂದರೆ ಕಾರ್ಡ್‌ನ ಮೂಲ ಸ್ವರ, ಹೊಡೆಯುವ ಗೋಜು ಬೇಡ. ಸಿ ಸೆವೆಂತ್ ಕಾರ್ಡ್ ಅಂದುಕೊಳ್ಳಿ. ಬೇಸ್‌ನವರು ಸಿ ಹಿಡಿದಿದ್ದಾರೆ, ನೀವು ಇ ಮತ್ತು ಬಿ ಫ್ಲ್ಯಾಟ್ ಎರಡೇ ಹಾಕಿ ನೋಡಿ. ಸುಮ್ನೆ ಎರಡು ಸ್ವರ, ಆದರೂ ಕಾರ್ಡ್ ಪೂರ್ತಿ ಕೇಳುತ್ತದೆ. ನಾನು ಇದನ್ನು ನಂಬೋಕೆ ತಿಂಗಳುಗಟ್ಟಲೆ ತಗೊಂಡೆ, ಹತ್ತೂ ಬೆರಳಿಗೆ ಕೆಲಸ ಕೊಡಬೇಕು ಅನ್ನೋ ಚಟ ಅಷ್ಟು ಸುಲಭಕ್ಕೆ ಬಿಡಲ್ಲ.

1978ರಲ್ಲಿ ಫಿಟ್ಜ್‌ಜೆರಾಲ್ಡ್ ಅವರ ತಂಡ ಬಿಟ್ಟ ಮೇಲೆ ಫ್ಲಾನಗನ್ ಸ್ವಂತ ಟ್ರಿಯೊ ಕಡೆ ತಿರುಗಿದರು. ಜಾರ್ಜ್ ಮ್ರಾಝ್ ಬೇಸ್‌ನಲ್ಲಿ ಬಹಳ ವರ್ಷ ಜೊತೆಗಿದ್ದರು. 1982ರಲ್ಲಿ ಕೋಲ್ಟ್ರೇನ್ ನೆನಪಿಗೆ ಒಂದು ಆಲ್ಬಮ್ ಮಾಡಿದರು, ಅದರಲ್ಲಿ 'ಜೈಂಟ್ ಸ್ಟೆಪ್ಸ್' ಮತ್ತೆ ನುಡಿಸಿದರು. 23 ವರ್ಷದ ಹಿಂದೆ ಕೈತಪ್ಪಿದ ದಾರಿಯಲ್ಲಿ ಈ ಸಲ ಆರಾಮಾಗಿ ಓಡಾಡುತ್ತಾರೆ. 2001ರಲ್ಲಿ ನ್ಯೂಯಾರ್ಕ್‌ನಲ್ಲಿ ತೀರಿಕೊಂಡರು.

ಅಭ್ಯಾಸಕ್ಕೆ: ಮೊದಲು 1959ರದ್ದು ಕೇಳಿ, ಆಮೇಲೆ 1982ರದ್ದು. ಮತ್ತೆ 1959ಕ್ಕೆ ವಾಪಸ್ ಬನ್ನಿ. ಈ ಸಲ ಸ್ಯಾಕ್ಸೊಫೋನ್ ಕಡೆ ಕಿವಿ ಕೊಡಬೇಡಿ. ಅದರ ಹಿಂದೆ ಬೀಳುವ ಕಾರ್ಡ್‌ಗಳನ್ನು ಮಾತ್ರ ಎಣಿಸುತ್ತಾ ಹೋಗಿ.