ಮಾತೇ ಇಲ್ಲದ ಸಿನಿಮಾದಲ್ಲಿ ಸುಳ್ಳು ಹೇಳುತ್ತಿದ್ದವರು ಯಾರು?

ಪ್ರಶ್ನೆ: ಮೂಕಿ ಸಿನಿಮಾದಲ್ಲಿ ಮಾತೇ ಇರಲಿಲ್ಲ, ಅಲ್ವಾ? ಹಾಗಾದರೆ ಜನಕ್ಕೆ ಕಥೆ ಹೇಗೆ ಅರ್ಥವಾಗುತ್ತಿತ್ತು?

ಒಂದೊಂದು ದೇಶದಲ್ಲಿ ಒಂದೊಂದು ದಾರಿ ಇತ್ತು. ನನಗೆ ತುಂಬ ಇಷ್ಟವಾದದ್ದು ಕೊರಿಯಾದವರ ದಾರಿ. ಆನ್ ಜೊಂಗ್‌ಹ್ವಾ 1934ರಲ್ಲಿ ಮಾಡಿದ ಒಂದು ಸಿನಿಮಾ ಇದೆ. ಹೆಸರನ್ನು ಕನ್ನಡಕ್ಕೆ ತಂದರೆ 'ಯೌವನದ ಕೂಡುರಸ್ತೆ'. ಆಗ ಕೊರಿಯಾ ಜಪಾನಿನ ಕೈಯಲ್ಲಿತ್ತು.

ಅದರ ನಾಯಕ ಯೊಂಗ್‌ಬೊಕ್ ಹಳ್ಳಿ ಹುಡುಗ. ಮಗಳನ್ನು ಕೊಡುತ್ತೇವೆ ಎಂಬ ಮಾತು ನಂಬಿ ಹೆಣ್ಣಿನ ಮನೆಯಲ್ಲಿ ಏಳು ವರ್ಷ ದುಡಿಯುತ್ತಾನೆ. ನಮ್ಮಲ್ಲಿ ಮನೆ ಅಳಿಯ ಅಂತೀವಲ್ಲ, ಹಾಗೆ. ಆದರೆ ಇವನಿಗೆ ಮದುವೆಯೇ ಆಗುವುದಿಲ್ಲ, ಹುಡುಗಿ ಬೇರೆಯವನ ಪಾಲಾಗುತ್ತಾಳೆ. ಊರು ಬಿಟ್ಟು ಸಿಯೋಲ್ ನಗರ ಸೇರಿ ರೈಲ್ವೆ ಸ್ಟೇಷನ್ನಿನಲ್ಲಿ ಗಂಟುಮೂಟೆ ಹೊರುತ್ತಾನೆ. ಅಣ್ಣನನ್ನು ಹುಡುಕಿಕೊಂಡು ಬಂದ ತಂಗಿ ದುಡ್ಡಿರುವ ಗಂಡಸರ ಬಣ್ಣದ ಮಾತಿಗೆ ಬೀಳುತ್ತಾಳೆ.

ನೋಡಿ, ಇಲ್ಲಿ ಮೋಸವೆಲ್ಲ ಮಾತಿನಲ್ಲೇ. ಅದನ್ನು ಬರೀ ಮುಖದಲ್ಲಿ ತೋರಿಸುವುದು ಕಷ್ಟ. ಅದಕ್ಕೇ ಪರದೆಯ ಪಕ್ಕ ಒಬ್ಬರು ನಿಲ್ಲುತ್ತಿದ್ದರು. ಅವರನ್ನು 'ಬ್ಯೊನ್ಸಾ' ಅನ್ನುತ್ತಾರೆ. ನಮ್ಮ ಹರಿಕಥೆ ದಾಸರನ್ನು ನೆನೆಸಿಕೊಳ್ಳಿ. ಒಬ್ಬರೇ ಹುಡುಗಿಯ ದನಿಯಲ್ಲಿ ಅಳುತ್ತಾರೆ, ಮರುಕ್ಷಣ ಮೋಸಗಾರನ ದನಿಯಲ್ಲಿ ಬೆಣ್ಣೆ ಹಚ್ಚುತ್ತಾರೆ, ನಡುವೆ ಕಥೆಯನ್ನೂ ಹೇಳುತ್ತಾರೆ. ಹೆಸರುವಾಸಿ ಬ್ಯೊನ್ಸಾ ಇದ್ದರೆ ಅವರಿಗೋಸ್ಕರವೇ ಜನ ಬರುತ್ತಿದ್ದರು. ಸರ್ಕಾರಕ್ಕೂ ಇದು ಗೊತ್ತಿತ್ತು. ಫಿಲ್ಮನ್ನು ಮೊದಲೇ ಕತ್ತರಿಸಬಹುದು, ಆದರೆ ಆಡುವ ಬಾಯಿಯನ್ನು? ಹಾಗಾಗಿ ಬ್ಯೊನ್ಸಾಗಳಿಗೆ ಲೈಸೆನ್ಸ್ ಬೇಕಿತ್ತು, ಪೊಲೀಸರ ಕಣ್ಣೂ ಇರುತ್ತಿತ್ತು.

ಈ ಸಿನಿಮಾದ ಪ್ರಿಂಟ್ 2007ರಲ್ಲಿ ಕೊರಿಯಾದ ಫಿಲ್ಮ್ ಆರ್ಕೈವ್ ಕೈಸೇರಿತು. ಇವತ್ತಿಗೂ ಉಳಿದಿರುವ ಅತಿ ಹಳೆಯ ಕೊರಿಯನ್ ಸಿನಿಮಾಗಳಲ್ಲಿ ಇದೂ ಒಂದು. ಚಿತ್ರ ಸಿಕ್ಕಿತು, ಬ್ಯೊನ್ಸಾ ಆಡಿದ ಮಾತು ಸಿಗಲಿಲ್ಲ. 2008ರಲ್ಲಿ ನಿರ್ದೇಶಕ ಕಿಮ್ ತೇಯೊಂಗ್ ಹೊಸದಾಗಿ ಮಾತು ಬರೆದು, ಬ್ಯೊನ್ಸಾ ಮತ್ತು ವಾದ್ಯದವರನ್ನು ಕೂರಿಸಿ ಮತ್ತೆ ಪ್ರದರ್ಶನ ಮಾಡಿಸಿದರು.

ಅದೇ 1934ರ ಮಾರ್ಚ್ 3ಕ್ಕೆ ಬೆಂಗಳೂರಿನಲ್ಲಿ ಕನ್ನಡದ ಮೊದಲ ಟಾಕಿ 'ಸತಿ ಸುಲೋಚನ' ತೆರೆಗೆ ಬಂತು. ಅದರ ಪ್ರಿಂಟ್ ಉಳಿದಿಲ್ಲ. ಯೊಂಗ್‌ಬೊಕ್ ಮೂಟೆ ಹೊರುವುದನ್ನು ನೋಡುವಾಗಲೆಲ್ಲ ನನಗೆ ಅದು ನೆನಪಾಗಿ ಸಂಕಟವಾಗುತ್ತದೆ.