ಆಟಕ್ಕುಂಟು, ಲೆಕ್ಕಕ್ಕಿಲ್ಲ: ಒಬ್ಬ ರೇಸರ್, ಒಬ್ಬ ಪತ್ತೇದಾರ

ವೆಂಡೆಲ್ ಸ್ಕಾಟ್ ಅಮೆರಿಕದ ವರ್ಜೀನಿಯಾದ ಕಾರ್ ರೇಸರ್. ಕಿಮ್ ರೊಸ್ಮೊ ಕೆನಡಾದ ವ್ಯಾಂಕೂವರ್ ಪೊಲೀಸ್ ಇಲಾಖೆಯಲ್ಲಿ ಪತ್ತೇದಾರರಾಗಿದ್ದು, ಆಮೇಲೆ ಟೆಕ್ಸಾಸಿಗೆ ಹೋಗಿ ಅಪರಾಧಶಾಸ್ತ್ರದ ಪ್ರೊಫೆಸರ್ ಆದವರು. ಇಬ್ಬರ ಕಾಲ ಬೇರೆ, ದೇಶ ಬೇರೆ, ಕಸುಬು ಬೇರೆ. ಆದರೂ ಇಬ್ಬರ ಕಥೆಯ ನಡುವೆ ನಿಂತಿರೋದು ಒಂದೇ ಜಗಳ. ಎಣಿಸುವ ಕೆಲಸ ಯಾರ ಕೈಲಿದೆ, ಅವರು ಯಾರನ್ನು ಎಣಿಸದೆ ಬಿಡುತ್ತಾರೆ ಅನ್ನೋ ಜಗಳ.

ಕಾರ್ ರೇಸ್ ಅಂದರೆ ನಮ್ಮಲ್ಲಿ ಹೆಚ್ಚಿನವರಿಗೆ ಫಾರ್ಮುಲಾ ಒನ್ ನೆನಪಾಗುತ್ತದೆ. ಸ್ಟಾಕ್ ಕಾರ್ ರೇಸ್ ಶುರುವಾಗಿದ್ದು ಬೇರೆ ಥರ. ಶೋರೂಮಿನಲ್ಲಿ ಸಿಗುವ ಮಾಮೂಲಿ ಕಾರನ್ನೇ ಬಿಚ್ಚಿ ಕಟ್ಟಿ, ಎಂಜಿನ್‌ಗೆ ಇನ್ನಷ್ಟು ಶಕ್ತಿ ತುಂಬಿ, ಮಣ್ಣಿನ ಟ್ರ್ಯಾಕಿನಲ್ಲಿ ಸುತ್ತು ಹೊಡೆಸುತ್ತಿದ್ದರು. ಅಮೆರಿಕದ ದಕ್ಷಿಣದ ರಾಜ್ಯಗಳಲ್ಲಿ ಇದಕ್ಕೆ ಕಳ್ಳಭಟ್ಟಿಯ ನಂಟೂ ಇದೆ. ರಾತ್ರಿ ಹೊತ್ತು ಸಾರಾಯಿ ತುಂಬಿಕೊಂಡು ಪೊಲೀಸರಿಂದ ತಪ್ಪಿಸಿಕೊಂಡು ಓಡಿಸುತ್ತಿದ್ದ ಹುಡುಗರೇ ಹಗಲು ರೇಸಿಗೆ ಇಳಿದರು. 1948ರಲ್ಲಿ ಬಿಲ್ ಫ್ರಾನ್ಸ್ ಇದಕ್ಕೆಲ್ಲ ಒಂದು ಸಂಸ್ಥೆಯ ರೂಪ ಕೊಟ್ಟರು. ಅದೇ ನಾಸ್ಕಾರ್.

ಸ್ಕಾಟ್ ಹುಟ್ಟಿದ್ದು 1921ರಲ್ಲಿ, ಡಾನ್‌ವಿಲ್ ಅನ್ನೋ ಊರಿನಲ್ಲಿ. ಕಪ್ಪು ಜನಾಂಗದವರು. ಎರಡನೇ ಮಹಾಯುದ್ಧದಲ್ಲಿ ಸೇನೆಯ ಮೆಕ್ಯಾನಿಕ್ ಆಗಿದ್ದರು. ಊರಿಗೆ ಬಂದ ಮೇಲೆ ಗ್ಯಾರೇಜ್ ಕೆಲಸ, ಜೊತೆಗೆ ಕಳ್ಳಭಟ್ಟಿ ಸಾಗಣೆ. 1952ರಲ್ಲಿ ಅಲ್ಲಿನ ರೇಸ್ ನಡೆಸುವವರಿಗೆ ಟಿಕೆಟ್ ಮಾರಲು ಏನಾದರೂ ಹೊಸದು ಬೇಕಿತ್ತು. ಒಬ್ಬ ಕಪ್ಪು ಡ್ರೈವರ್‌ನನ್ನು ಇಳಿಸಿದರೆ ಜನ ಬರುತ್ತಾರೆ ಅಂದುಕೊಂಡರು. ಅಂಥವನು ಯಾರಿದ್ದಾನೆ ಅಂತ ವಿಚಾರಿಸಿದ್ದು ಪೊಲೀಸರನ್ನೇ. ಬೆನ್ನಟ್ಟಿ ಬೆನ್ನಟ್ಟಿ ಸುಸ್ತಾಗಿದ್ದ ಪೊಲೀಸರಿಗಿಂತ ಚೆನ್ನಾಗಿ ಇನ್ಯಾರಿಗೆ ಗೊತ್ತಿರುತ್ತೆ? ಸ್ಕಾಟ್ ಹೆಸರು ಹೇಳಿದರು.

ಹಾಗೆ ಸುಮ್ನೆ ಜನ ಸೇರಿಸಲು ಕರೆಸಿಕೊಂಡವರು ಅಲ್ಲೇ ನಿಂತುಬಿಟ್ಟರು. ಕೆಲವು ಕಡೆ ಗೇಟಿನಿಂದಲೇ ವಾಪಸ್ ಕಳಿಸಿದ್ದರು. ಡಾರ್ಲಿಂಗ್ಟನ್ ಟ್ರ್ಯಾಕ್ ವರ್ಷಗಟ್ಟಲೆ ಒಳಗೆ ಬಿಡಲಿಲ್ಲ. ದೊಡ್ಡ ಸ್ಪಾನ್ಸರ್ ಇಲ್ಲ. ಕಾರು ಬೇರೆಯವರು ಓಡಿಸಿ ಬಿಟ್ಟದ್ದು, ರೇಸ್ ನಡುವೆ ಕಾರು ನಿಲ್ಲಿಸಿ ಸರಿಮಾಡುವ ಪಿಟ್‌ನಲ್ಲಿ ಟೈರ್ ಬದಲಿಸಲು ಸ್ವಂತ ಮಕ್ಕಳು. ಇಷ್ಟರ ಮೇಲೆ 1961ರಿಂದ ಅವರು ನಾಸ್ಕಾರ್‌ನ ಮೇಲಿನ ದರ್ಜೆಯ ಸರಣಿಗೇ ಇಳಿದರು.

1963ರ ಡಿಸೆಂಬರ್ 1. ಫ್ಲೋರಿಡಾದ ಜಾಕ್ಸನ್‌ವಿಲ್. ಅರ್ಧ ಮೈಲಿಯ ಮಣ್ಣಿನ ಟ್ರ್ಯಾಕ್, 200 ಸುತ್ತು. ಕೊನೆಯ ಸುತ್ತುಗಳಲ್ಲಿ ಸ್ಕಾಟ್ ರಿಚರ್ಡ್ ಪೆಟ್ಟಿಯನ್ನು ದಾಟಿ ಮುಂದೆ ಬಂದರು, ಸುತ್ತು ಮುಗಿಸಿದರು, ರೇಸ್ ಮುಗಿಯಿತು ಅನ್ನೋ ಬಾವುಟ ಬೀಳಲಿಲ್ಲ. ಮತ್ತೂ ಓಡಿಸಿದರು. ಬಾವುಟ ಬಿದ್ದಾಗ ಗೆದ್ದವರು ಇನ್ನೊಬ್ಬ ಡ್ರೈವರ್ ಬಕ್ ಬೇಕರ್ ಅಂತ ಘೋಷಣೆ ಆಯಿತು. ಕಪ್ ಬೇಕರ್‌ಗೆ, ಫೋಟೋ ಬೇಕರ್‌ದು, ಸೌಂದರ್ಯ ಸ್ಪರ್ಧೆಯ ಸುಂದರಿಯ ಮುತ್ತೂ ಬೇಕರ್‌ಗೇ. ಸ್ಕಾಟ್ ಪಟ್ಟು ಹಿಡಿದು ಮತ್ತೆ ಎಣಿಸಿ ಅಂದರು. ಗಂಟೆಗಳಾದ ಮೇಲೆ, ಜನರೆಲ್ಲ ಮನೆಗೆ ಹೋದ ಮೇಲೆ ಗೊತ್ತಾಯಿತು: ಸ್ಕಾಟ್ 202 ಸುತ್ತು ಓಡಿಸಿದ್ದರು. ಬೇಕರ್‌ಗಿಂತ ಎರಡು ಸುತ್ತು ಮುಂದೆ! ಬಹುಮಾನದ ಹಣ ಕೊಟ್ಟರು. ಕಪ್ ಕೊಡಲಿಲ್ಲ, ಅದು ಆಗಲೇ ಹೊರಟುಹೋಗಿತ್ತು.

ಆ ಕಾಲದಲ್ಲಿ ಸುತ್ತುಗಳನ್ನು ಮನುಷ್ಯರೇ ಕೂತು ಕೈಯಲ್ಲಿ ಬರೆದು ಎಣಿಸುತ್ತಿದ್ದರು, ತಪ್ಪು ಆಗುತ್ತಿತ್ತು ಅನ್ನೋದು ನಿಜ. 1959ರ ಮೊದಲ ಡೇಟೋನಾ 500 ರೇಸಿನಲ್ಲಿ ಲೀ ಪೆಟ್ಟಿ ಗೆದ್ದರು ಅಂತ ತೀರ್ಮಾನಿಸಲು ಮೂರು ದಿನ ಹಿಡಿದಿತ್ತು. ಹಾಗಾಗಿ ಎಣಿಕೆ ತಪ್ಪಿತು ಅಂದರೆ ನಂಬಬಹುದು. ಆದರೆ ಸರಿಯಾದ ಲೆಕ್ಕ ಸಿಕ್ಕ ಮೇಲೂ ಒಂದು ಕಪ್ ಮನೆಗೆ ತಲುಪಿಸಲು ಆಗಲಿಲ್ಲ ಅಂದರೆ? ಗೆದ್ದ ಕಪ್ಪು ಮನುಷ್ಯ ಬಿಳಿ ಸುಂದರಿಗೆ ಮುತ್ತು ಕೊಡುವುದನ್ನು ನೋಡಲು ಅವರಿಗೆ ಇಷ್ಟವಿರಲಿಲ್ಲ ಅಂತಲೇ ಸ್ಕಾಟ್ ಕೊನೆಯವರೆಗೂ ನಂಬಿದ್ದರು. ನನಗೂ ಅದೇ ಸರಿ ಅನ್ನಿಸುತ್ತೆ.

1973ರಲ್ಲಿ ಟಾಲಡೇಗಾ ಟ್ರ್ಯಾಕಿನಲ್ಲಾದ ಅಪಘಾತ ಅವರ ರೇಸಿಂಗಿಗೆ ಕೊನೆ ಹಾಡಿತು. ಅಷ್ಟರಲ್ಲಿ 495 ರೇಸ್ ಓಡಿಸಿದ್ದರು. 1990ರಲ್ಲಿ ತೀರಿಕೊಂಡರು. ನಾಸ್ಕಾರ್ ಹಾಲ್ ಆಫ್ ಫೇಮ್‌ಗೆ ಸೇರಿಸಿದ್ದು 2015ರಲ್ಲಿ, ನಾಸ್ಕಾರ್ ಕುಟುಂಬದ ಕೈಗೆ ಕಪ್ ಇಟ್ಟಿದ್ದು 2021ರಲ್ಲಿ. ಅದೇ ವರ್ಷ ಬಬ್ಬಾ ವಾಲೆಸ್ ಆ ಸರಣಿಯಲ್ಲಿ ಗೆದ್ದ ಎರಡನೇ ಕಪ್ಪು ಡ್ರೈವರ್ ಆದರು.

ಇನ್ನು ರೊಸ್ಮೊ. ಪೊಲೀಸ್ ಕೆಲಸದಲ್ಲಿ ಇದ್ದುಕೊಂಡೇ ಸೈಮನ್ ಫ್ರೇಸರ್ ವಿಶ್ವವಿದ್ಯಾಲಯದಲ್ಲಿ ಓದಿ, 1995ರಲ್ಲಿ ಅಪರಾಧಶಾಸ್ತ್ರದಲ್ಲಿ ಪಿಎಚ್‌ಡಿ ಮುಗಿಸಿದರು. ಕೆನಡಾದಲ್ಲಿ ಹಾಗೆ ಮಾಡಿದ ಮೊದಲ ಪೊಲೀಸ್ ಅಧಿಕಾರಿ ಅವರು. ಅವರ ವಿಷಯ ಜಿಯೋಗ್ರಾಫಿಕ್ ಪ್ರೊಫೈಲಿಂಗ್. ಒಬ್ಬನೇ ಮಾಡಿದ ಹಲವು ಅಪರಾಧಗಳ ಜಾಗಗಳನ್ನು ನಕ್ಷೆಯಲ್ಲಿ ಗುರುತು ಮಾಡಿದರೆ, ಅವನು ಎಲ್ಲಿಂದ ಹೊರಟು ಬರುತ್ತಿರಬಹುದು ಅಂತ ಲೆಕ್ಕ ಹಾಕಬಹುದು. ಗುರುತು ಹಿಡಿಯುತ್ತಾರೆ ಅಂತ ಮನೆ ಪಕ್ಕದಲ್ಲೇ ಮಾಡೋದಿಲ್ಲ, ಹಾಗಂತ ತೀರಾ ದೂರಕ್ಕೂ ಹೋಗೋದಿಲ್ಲ, ಅಲ್ವಾ? ಮನೆ ಬಾಗಿಲು ಇದೇ ಅಂತ ಈ ಲೆಕ್ಕ ತೋರಿಸೋದಿಲ್ಲ. ಸಾವಿರಾರು ಅನುಮಾನಿತರಲ್ಲಿ ಯಾವ ಬೀದಿಯವರನ್ನು ಮೊದಲು ನೋಡಬೇಕು ಅಂತ ಹೇಳುತ್ತದೆ, ಅಷ್ಟೇ.

ಇಲಾಖೆ ಅವರನ್ನು ಕಾನ್‌ಸ್ಟೇಬಲ್ ದರ್ಜೆಯಿಂದ ನೇರವಾಗಿ ಡಿಟೆಕ್ಟಿವ್ ಇನ್‌ಸ್ಪೆಕ್ಟರ್ ಮಾಡಿ ಐದು ವರ್ಷದ ಕಾಂಟ್ರಾಕ್ಟ್ ಕೊಟ್ಟಿತು. ಸಾಲಿನಲ್ಲಿ ಕಾದು ನಿಂತಿದ್ದವರಿಗೆ ಹೊಟ್ಟೆ ಉರಿಯದೆ ಇರುತ್ತಾ?

ಅದೇ ಹೊತ್ತಿಗೆ ವ್ಯಾಂಕೂವರ್‌ನ ಡೌನ್‌ಟೌನ್ ಈಸ್ಟ್‌ಸೈಡ್ ಅನ್ನೋ ಬಡ ಪ್ರದೇಶದಿಂದ ಹೆಂಗಸರು ಒಬ್ಬೊಬ್ಬರಾಗಿ ಕಾಣೆಯಾಗುತ್ತಿದ್ದರು. ಲೈಂಗಿಕ ವೃತ್ತಿಯವರು, ಡ್ರಗ್ಸ್ ಚಟಕ್ಕೆ ಬಿದ್ದವರು, ಅವರಲ್ಲಿ ಮೂಲನಿವಾಸಿಗಳು ಬಹಳ ಜಾಸ್ತಿ. ಸರಣಿ ಕೊಲೆಗಾರನ ಕೈವಾಡ ಇರಬಹುದು, ಜನರನ್ನು ಎಚ್ಚರಿಸೋಣ ಅಂತ 1998ರಲ್ಲಿ ರೊಸ್ಮೊ ಹೇಳಿದರು. ಮೇಲಿನ ಅಧಿಕಾರಿಗಳು ಒಪ್ಪಲಿಲ್ಲ. ಹೆಣ ಸಿಕ್ಕಿಲ್ಲ, ಕೊಲೆ ನಡೆದ ಜಾಗ ಇಲ್ಲ, ಇಂಥ ಹೆಂಗಸರು ಊರೂರು ಅಲೆಯುತ್ತಾರೆ, ತಾವಾಗಿಯೇ ವಾಪಸ್ ಬರುತ್ತಾರೆ ಅನ್ನೋದು ಅವರ ವಾದ.

ತಮಾಷೆ ಅಂದರೆ, ರೊಸ್ಮೊ ಹೆಸರು ಮಾಡಿದ್ದ ಸೂತ್ರ ಇಲ್ಲಿ ಕೆಲಸಕ್ಕೇ ಬರುವಂತಿರಲಿಲ್ಲ. ಗುರುತು ಹಾಕಲು ಜಾಗಗಳೇ ಇರಲಿಲ್ಲವಲ್ಲ! ಅವರು ಮಾಡಿದ್ದು ಅದಕ್ಕಿಂತ ಸರಳ ಕೆಲಸ. ಕಾಣೆಯಾದವರು ಸಾಮಾನ್ಯವಾಗಿ ಎಷ್ಟು ದಿನದಲ್ಲಿ ಸಿಗುತ್ತಾರೆ, ಆ ಪ್ರದೇಶದಲ್ಲಿ ಹಿಂದಿನ ವರ್ಷಗಳಲ್ಲಿ ಎಷ್ಟು ಜನ ಸಿಗದೇ ಹೋಗಿದ್ದರು, ಈಗ ಎಷ್ಟು ಅಂತ ಎಣಿಸಿ ಹೋಲಿಸಿದರು. ವ್ಯತ್ಯಾಸ ಕಣ್ಣಿಗೆ ಹೊಡೆಯುವಂತಿತ್ತು. 1999ರಲ್ಲಿ ವರದಿ ಬರೆದು ಕೊಟ್ಟರು. 2000ದ ಕೊನೆಗೆ ಅವರ ಕಾಂಟ್ರಾಕ್ಟ್ ಮುಗಿಯಿತು, ಇಲಾಖೆ ಮುಂದುವರಿಸಲಿಲ್ಲ. ಕೋರ್ಟಿಗೆ ಹೋದರು, ಸೋತರು.

2002ರ ಫೆಬ್ರವರಿಯಲ್ಲಿ ವ್ಯಾಂಕೂವರ್ ಹತ್ತಿರದ ಪೋರ್ಟ್ ಕೊಕ್ವಿಟ್ಲಮ್‌ನ ಒಂದು ಹಂದಿ ಫಾರ್ಮಿಗೆ ಪೊಲೀಸರು ಹೋದರು. ಹೋಗಿದ್ದು ಅಕ್ರಮ ಬಂದೂಕು ಹುಡುಕಲು. ಸಿಕ್ಕಿದ್ದು ಕಾಣೆಯಾದ ಹೆಂಗಸರ ವಸ್ತುಗಳು. ಫಾರ್ಮಿನ ರಾಬರ್ಟ್ ಪಿಕ್‌ಟನ್ ಪೊಲೀಸರಿಗೆ ಹೊಸಬನೇನೂ ಅಲ್ಲ. 1997ರಲ್ಲೇ ಒಬ್ಬ ಹೆಣ್ಣುಮಗಳಿಗೆ ಚಾಕು ಹಾಕಿದ ಆರೋಪ ಅವನ ಮೇಲಿತ್ತು, ಮರುವರ್ಷ ಆ ಕೇಸನ್ನು ಕೈಬಿಟ್ಟಿದ್ದರು. ಫಾರ್ಮಿನ ಮಣ್ಣು ಜರಡಿ ಹಿಡಿದಾಗ 33 ಹೆಂಗಸರ ಡಿಎನ್‌ಎ ಅಥವಾ ಅವಶೇಷ ಸಿಕ್ಕಿತು. 2007ರಲ್ಲಿ ಆರು ಕೊಲೆಗಳಿಗೆ ಅವನಿಗೆ ಶಿಕ್ಷೆಯಾಯಿತು.

ಸ್ಕಾಟ್ ಮತ್ತು ರೊಸ್ಮೊ ಕಥೆಗಳನ್ನು ಪಕ್ಕಪಕ್ಕ ಇಟ್ಟರೂ ತೂಕ ಒಂದೇ ಅಲ್ಲ. ಜಾಕ್ಸನ್‌ವಿಲ್‌ನಲ್ಲಿ ಲೆಕ್ಕ ತಪ್ಪಿದ್ದಕ್ಕೆ ಹೋಗಿದ್ದು ಒಬ್ಬ ಮನುಷ್ಯನ ಮರ್ಯಾದೆ. ವ್ಯಾಂಕೂವರ್‌ನಲ್ಲಿ ವರದಿ ಕೈಗೆ ಬಂದ ಮೇಲೂ ಹೆಂಗಸರು ಕಾಣೆಯಾಗುತ್ತಲೇ ಇದ್ದರು. ರೊಸ್ಮೊ ಅವರನ್ನು ಹೀರೋ ಮಾಡುವ ಭರದಲ್ಲಿ ಇನ್ನೊಂದು ಮರೆಯಬಾರದು: ಅವರಿಗಿಂತ ಮೊದಲೇ ಆ ಹೆಂಗಸರ ಮನೆಯವರು, ಗೆಳತಿಯರು ಠಾಣೆಗೆ ಬಂದು ದೂರು ಕೊಟ್ಟಿದ್ದರು. 2010ರಲ್ಲಿ ವ್ಯಾಂಕೂವರ್ ಪೊಲೀಸರು ಕ್ಷಮೆ ಕೇಳಿದರು. ವಾಲಿ ಒಪ್ಪಲ್ ನೇತೃತ್ವದ ವಿಚಾರಣಾ ಆಯೋಗ 2012ರ ಡಿಸೆಂಬರಿನಲ್ಲಿ ವರದಿ ಕೊಟ್ಟು, ಈ ಹೆಂಗಸರ ಬಗ್ಗೆ ವ್ಯವಸ್ಥೆಯಲ್ಲೇ ತಾರತಮ್ಯ ಇತ್ತು ಅಂತ ಹೇಳಿತು.

ರೊಸ್ಮೊ ಅಷ್ಟರಲ್ಲಿ ಟೆಕ್ಸಾಸ್ ಸ್ಟೇಟ್ ಯೂನಿವರ್ಸಿಟಿಯಲ್ಲಿ ಪ್ರೊಫೆಸರ್ ಆಗಿದ್ದರು. ಅವರ ಸೂತ್ರವನ್ನು ದಕ್ಷಿಣ ಆಫ್ರಿಕಾದ ಸಮುದ್ರದಲ್ಲಿ ದೊಡ್ಡ ಬಿಳಿ ಶಾರ್ಕ್‌ಗಳು ಬೇಟೆಗೆ ಎಲ್ಲಿಂದ ಹೊರಡುತ್ತವೆ ಅಂತ ಹುಡುಕಲೂ ಬಳಸಿದರು, ದುಂಬಿಗಳ ಗೂಡಿನ ಜಾಗ ಊಹಿಸಲೂ ಬಳಸಿದರು. ಆದರೆ ನನಗೆ ಜಾಸ್ತಿ ಮುಖ್ಯ ಅನ್ನಿಸೋದು ಅವರು ಹಿಡಿದ ಇನ್ನೊಂದು ವಿಷಯ. ಬುದ್ಧಿವಂತ ಪತ್ತೇದಾರರೂ ಯಾಕೆ ಎಡವುತ್ತಾರೆ? ಒಬ್ಬನ ಮೇಲೆ ಅನುಮಾನ ಬಂದ ಮೇಲೆ ಬೇರೆ ಕಡೆ ನೋಡೋದನ್ನೇ ಯಾಕೆ ಬಿಡುತ್ತಾರೆ, ಮೇಲಧಿಕಾರಿ ಹೇಳಿದ್ದಕ್ಕೆ ಇಡೀ ತಂಡ ಯಾಕೆ ತಲೆಯಾಡಿಸುತ್ತದೆ? ಇದರ ಮೇಲೆ 2009ರಲ್ಲಿ ಒಂದು ಪುಸ್ತಕವನ್ನೇ ತಂದರು. ಉದಾಹರಣೆಗೆ ಅವರು ಬೇರೆಲ್ಲೂ ಹುಡುಕಬೇಕಾಗಿರಲಿಲ್ಲ.