ಗಡಿ ದಾಟದ ಪಿಸ್ತೂಲು: ಅಮೆರಿಕದ ಅಂತರರಾಜ್ಯ ಬಂದೂಕು ಮಾರಾಟ ನಿಯಮದ ಹಿನ್ನೆಲೆ

ಅಮೆರಿಕದ ಒಕ್ಲಹೋಮ ರಾಜ್ಯದ ನಿವಾಸಿಯೊಬ್ಬ ಗಡಿ ದಾಟಿ ಟೆಕ್ಸಾಸಿನ ಬಂದೂಕಿನ ಅಂಗಡಿಗೆ ಹೋದನೆನ್ನಿ. ಗಾಜಿನ ಪೆಟ್ಟಿಗೆಯಲ್ಲಿರುವ ಪಿಸ್ತೂಲು, ಅದರ ಹಿಂದೆ ಗೋಡೆಗೆ ಆನಿಸಿಟ್ಟ ರೈಫಲ್, ಎರಡೂ ಅವನಿಗೆ ಹಿಡಿಸುತ್ತವೆ. ಹಿನ್ನೆಲೆ ತಪಾಸಣೆ ಮುಗಿದ ಮೇಲೆ ರೈಫಲನ್ನು ಅವನು ಅಂದೇ ಕಾರಿನಲ್ಲಿಟ್ಟುಕೊಂಡು ಮನೆಗೆ ಹೋಗಬಹುದು. ಆದರೆ ಪಿಸ್ತೂಲಿಗೆ ಪೂರ್ತಿ ಹಣ ಕಟ್ಟಿದರೂ ಅಂಗಡಿಯವನು ಅದನ್ನು ಅವನ ಕೈಗೆ ಕೊಡುವಂತಿಲ್ಲ. ಒಕ್ಲಹೋಮದಲ್ಲಿರುವ, ಕೇಂದ್ರ ಸರ್ಕಾರದ ಪರವಾನಗಿ ಪಡೆದ ಇನ್ನೊಬ್ಬ ವ್ಯಾಪಾರಿಗೆ ಕಳುಹಿಸಬೇಕು, ಖರೀದಿದಾರ ಅಲ್ಲಿ ಹೋಗಿ, ಅಲ್ಲಿನ ಶುಲ್ಕ ತೆತ್ತು, ತಪಾಸಣೆಗೆ ಒಳಗಾಗಿ ಪಡೆದುಕೊಳ್ಳಬೇಕು. ಎರಡೂ ರಾಜ್ಯಗಳ ಕಾನೂನು ಸಡಿಲವಾಗಿದ್ದರೂ ಈ ಸುತ್ತು ತಪ್ಪುವುದಿಲ್ಲ.

ನಮ್ಮ ಓದುಗರಿಗೆ ಇದು ವಿಚಿತ್ರವಾಗಿ ಕಾಣುವುದಕ್ಕೆ ಒಂದು ಕಾರಣವಿದೆ. ಕೊಡವರಿಗೂ ಜಮ್ಮಾ ಹಿಡುವಳಿದಾರರಿಗೂ ಇರುವ ವಿನಾಯಿತಿಯನ್ನು ಬಿಟ್ಟರೆ ಭಾರತದಲ್ಲಿ ಮೊದಲು ಪರವಾನಗಿ, ಆಮೇಲೆ ಕೋವಿ. ಆ ಕೋವಿ ಯಾವ ಪ್ರದೇಶದವರೆಗೆ ಸಲ್ಲುತ್ತದೆ ಎಂಬುದನ್ನೂ ಪರವಾನಗಿಯೇ ಹೇಳುತ್ತದೆ. ಅಮೆರಿಕದ ಬಹುಪಾಲು ರಾಜ್ಯಗಳಲ್ಲಿ ಅಂಥ ಪರವಾನಗಿಯೇ ಇಲ್ಲ. ಸರ್ಕಾರದ ಕಣ್ಣಿಗೆ ಬಂದೂಕು ಬೀಳುವುದು ಅಂಗಡಿಯ ಕೌಂಟರಿನಲ್ಲಿ ಮಾತ್ರ, ಅದೂ ಒಂದೇ ಸಲ. ಆದ್ದರಿಂದ ಆ ಕೌಂಟರು ಯಾವ ರಾಜ್ಯದಲ್ಲಿದೆ, ಅದರ ಮುಂದೆ ನಿಂತವನ ಮನೆ ಎಲ್ಲಿದೆ ಎಂಬ ಪ್ರಶ್ನೆಗಳಿಗೆ ಅಲ್ಲಿ ಇಷ್ಟು ತೂಕ.

ಈ ತೂಕ ಬಂದದ್ದು ನಿಧಾನವಾಗಿ. ನ್ಯೂಯಾರ್ಕ್ ರಾಜ್ಯವು 1911ರಲ್ಲಿ ಸಲಿವನ್ ಕಾಯ್ದೆಯ ಮೂಲಕ ಪಿಸ್ತೂಲು, ರಿವಾಲ್ವರುಗಳಿಗೆ ಅನುಮತಿ ಪತ್ರವನ್ನು ಕಡ್ಡಾಯ ಮಾಡಿದಾಗಲೇ ತೊಡಕು ಎದುರಾಯಿತು. ಊರೊಳಗಿನ ಅಂಗಡಿಯವನನ್ನು ರಾಜ್ಯ ನಿಯಂತ್ರಿಸಬಹುದು, ಹೊರಗಿನಿಂದ ಅಂಚೆಯಲ್ಲಿ ಬರುವ ಪೊಟ್ಟಣವನ್ನು ತಡೆಯುವುದು ಹೇಗೆ? ಕಾಂಗ್ರೆಸ್ 1927ರಲ್ಲಿ ಪಿಸ್ತೂಲುಗಳನ್ನು ಸಾರ್ವಜನಿಕರಿಗೆ ಅಂಚೆಯಲ್ಲಿ ಕಳುಹಿಸುವುದನ್ನು ನಿಷೇಧಿಸಿತಾದರೂ ಖಾಸಗಿ ಸಾಗಣೆ ಕಂಪನಿಗಳ ದಾರಿ ತೆರೆದೇ ಇತ್ತು. 1938ರ ಕೇಂದ್ರ ಕಾಯ್ದೆ ವ್ಯಾಪಾರಿಗಳಿಗೆ ಪರವಾನಗಿಯನ್ನು ಕಡ್ಡಾಯ ಮಾಡಿತು, ಶುಲ್ಕ ಮಾತ್ರ ವರ್ಷಕ್ಕೆ 1 ಡಾಲರ್. ಅನುಮತಿ ಪತ್ರ ಬೇಕೆನ್ನುವ ರಾಜ್ಯಕ್ಕೆ, ಅದಿಲ್ಲದವನಿಗೆ ಬಂದೂಕು ಕಳುಹಿಸಬಾರದೆಂದೂ ಅದು ಹೇಳಿತು. ಆದರೆ ಅನುಮತಿ ಪತ್ರವನ್ನೇ ಕೇಳದ ರಾಜ್ಯಗಳಿಗೆ ಹೋಗುವ ಸರಕಿನ ವಿಷಯದಲ್ಲಿ ಅದಕ್ಕೆ ಹೇಳಲು ಹೆಚ್ಚೇನೂ ಇರಲಿಲ್ಲ.

ಕನೆಕ್ಟಿಕಟ್‌ನ ಸೆನೆಟರ್ ಥಾಮಸ್ ಡಾಡ್ 1960ರ ದಶಕದ ಆರಂಭದಲ್ಲಿ ಹಿಡಿದುಕೊಂಡದ್ದು ಈ ಸಂದನ್ನೇ. ಬಾಲಾಪರಾಧ ಕುರಿತ ಉಪಸಮಿತಿಯ ಅಧ್ಯಕ್ಷರಾಗಿದ್ದ ಅವರು, ಪತ್ರಿಕೆಯ ಜಾಹೀರಾತು ನೋಡಿ ಕೂಪನ್ ತುಂಬಿ ಕಳುಹಿಸಿದವರ ಬಾಗಿಲಿಗೆ ಪಿಸ್ತೂಲು ಬರುವ ವ್ಯವಸ್ಥೆಯ ಬಗ್ಗೆ ವಿಚಾರಣೆ ನಡೆಸಿ, 1963ರ ಆಗಸ್ಟ್‌ನಲ್ಲಿ ಒಂದು ಮಸೂದೆಯನ್ನು ಮಂಡಿಸಿದರು. ಅದು ಪಿಸ್ತೂಲುಗಳಿಗೆ ಸೀಮಿತವಾಗಿತ್ತು. ಆ ವರ್ಷದ ನವೆಂಬರ್ 22ರಂದು ಡಲ್ಲಾಸಿನಲ್ಲಿ ಅಧ್ಯಕ್ಷ ಕೆನಡಿಯವರ ಹತ್ಯೆಯಾಯಿತು. ಲೀ ಹಾರ್ವೆ ಆಸ್ವಾಲ್ಡ್ ಬಳಸಿದ ಇಟಲಿಯ ಕಾರ್ಕಾನೊ ರೈಫಲ್, ಶಿಕಾಗೊದ ಅಂಗಡಿಯೊಂದರಿಂದ ಸುಳ್ಳು ಹೆಸರಿನಲ್ಲಿ ಡಲ್ಲಾಸಿನ ಅಂಚೆ ಪೆಟ್ಟಿಗೆಗೆ ತರಿಸಿಕೊಂಡದ್ದಾಗಿತ್ತು. ಸಾಗಣೆ ವೆಚ್ಚವೂ ಸೇರಿ ಅವನು ತೆತ್ತದ್ದು 21.45 ಡಾಲರ್. ಹತ್ಯೆಯ ಬೆನ್ನಿಗೇ ಡಾಡ್ ತಮ್ಮ ಮಸೂದೆಗೆ ರೈಫಲ್, ಶಾಟ್‌ಗನ್‌ಗಳನ್ನೂ ಸೇರಿಸಿದರು. ಇಂದು ನಂಬುವುದು ಕಷ್ಟವೆನಿಸಬಹುದು, ಆದರೆ ಬಂದೂಕು ಮಾಲೀಕರ ದೊಡ್ಡ ಸಂಘವಾದ ಎನ್‌ಆರ್‌ಎಯ ಆಗಿನ ಕಾರ್ಯನಿರ್ವಾಹಕ ಉಪಾಧ್ಯಕ್ಷ ಫ್ರಾಂಕ್ಲಿನ್ ಆರ್ತ್ ಅದರ ಪರವಾಗಿ ಮಾತನಾಡಿದರು. ಸಂಘದ ಸಾಮಾನ್ಯ ಸದಸ್ಯರು ಹಾಗೆ ಯೋಚಿಸಲಿಲ್ಲ. ಮಸೂದೆ ಐದು ವರ್ಷ ಸಮಿತಿಗಳಲ್ಲೇ ಕೊಳೆಯಿತು.

ಅದನ್ನು ಎಬ್ಬಿಸಿದ್ದು 1968ರ ಎರಡು ಹತ್ಯೆಗಳು. ಏಪ್ರಿಲ್ 4ರಂದು ಟೆನೆಸ್ಸಿಯ ಮೆಂಫಿಸ್‌ನಲ್ಲಿ ಮಾರ್ಟಿನ್ ಲೂಥರ್ ಕಿಂಗ್, ಜೂನ್ ಮೊದಲ ವಾರದಲ್ಲಿ ಲಾಸ್ ಏಂಜಲೀಸ್‌ನಲ್ಲಿ ರಾಬರ್ಟ್ ಕೆನಡಿ ಗುಂಡಿಗೆ ಬಲಿಯಾದರು. ಜೂನ್ 19ರಂದು ಅಧ್ಯಕ್ಷ ಜಾನ್ಸನ್ ಅಪರಾಧ ನಿಯಂತ್ರಣದ ಒಂದು ದೊಡ್ಡ ಕಾಯ್ದೆಗೆ ಸಹಿ ಹಾಕಿದಾಗ, ಅದರ ನಾಲ್ಕನೆಯ ಭಾಗ ಪಿಸ್ತೂಲುಗಳ ಅಂತರರಾಜ್ಯ ಮಾರಾಟವನ್ನು ತಡೆಯಿತು. ಅಕ್ಟೋಬರ್ 22ರಂದು ಬಂದ ಬಂದೂಕು ನಿಯಂತ್ರಣ ಕಾಯ್ದೆ ಅದನ್ನು ಉದ್ದ ಕೊಳವೆಯ ಬಂದೂಕುಗಳಿಗೂ ಹಿಗ್ಗಿಸಿತು. ಖರೀದಿದಾರನ ಸ್ವಂತ ರಾಜ್ಯ ಒಪ್ಪಿದ್ದರೆ ಗಡಿಗೆ ಅಂಟಿಕೊಂಡ ನೆರೆರಾಜ್ಯದಲ್ಲಿ ರೈಫಲ್ ಅಥವಾ ಶಾಟ್‌ಗನ್ ಕೊಳ್ಳಬಹುದೆಂಬ ಒಂದು ಕಿಂಡಿಯನ್ನು ಮಾತ್ರ ಬಿಟ್ಟಿತು. ನೋಂದಣಿ ಮತ್ತು ಮಾಲೀಕರ ಪರವಾನಗಿ ದೊರಕಲಿಲ್ಲವೆಂದು ಜಾನ್ಸನ್ ಸಹಿ ಹಾಕುವಾಗಲೇ ಕೊರಗಿದ್ದರು.

ಇಲ್ಲಿ ಸ್ವಲ್ಪ ನಿಂತು ನೋಡಬೇಕು. ಕಾಯ್ದೆಯನ್ನು ದಡ ಸೇರಿಸಿದ ಮೂರು ಹತ್ಯೆಗಳಲ್ಲಿ ಅಂಚೆ ಖರೀದಿಯ ಆಯುಧ ಬಳಕೆಯಾದದ್ದು ಒಂದರಲ್ಲಿ ಮಾತ್ರ. ಕಿಂಗ್ ಅವರನ್ನು ಕೊಂದ ರೆಮಿಂಗ್ಟನ್ ರೈಫಲನ್ನು ಜೇಮ್ಸ್ ಅರ್ಲ್ ರೇ ಅಲಬಾಮಾದ ಬರ್ಮಿಂಗ್‌ಹ್ಯಾಮ್‌ನ ಅಂಗಡಿಗೆ ತಾನೇ ಹೋಗಿ ಸುಳ್ಳು ಹೆಸರು ಹೇಳಿ ಕೊಂಡಿದ್ದ. ಅವನು ಮಿಸೌರಿಯ ಸೆರೆಮನೆಯಿಂದ ತಪ್ಪಿಸಿಕೊಂಡವನೆಂದು ತಿಳಿಯುವ ಉಪಾಯ ಅಂಗಡಿಯವನಿಗೆ ಇರಲಿಲ್ಲ. ರಾಬರ್ಟ್ ಕೆನಡಿಯವರ ಮೇಲೆ ಗುಂಡು ಹಾರಿಸಿದ .22 ರಿವಾಲ್ವರ್ ಕ್ಯಾಲಿಫೋರ್ನಿಯಾದೊಳಗೇ ಕೈಯಿಂದ ಕೈಗೆ ದಾಟಿ ಬಂದದ್ದು. ಆದರೂ ಕಾಂಗ್ರೆಸ್ ಗಡಿಯನ್ನೇ ಹಿಡಿದುಕೊಂಡದ್ದಕ್ಕೆ ಸಂವಿಧಾನದ ಕಾರಣವಿತ್ತು: ಅಂತರರಾಜ್ಯ ವಾಣಿಜ್ಯ ಕೇಂದ್ರದ ಅಧಿಕಾರಕ್ಕೆ ಸೇರಿದ್ದು. ಯಾರು ಬಂದೂಕು ಹೊಂದಬಹುದೆಂದು ದೇಶಕ್ಕೆಲ್ಲ ಒಂದೇ ಕಟ್ಟುನಿಟ್ಟಿನ ನಿಯಮ ಮಾಡುವ ರಾಜಕೀಯ ಬಲವಿಲ್ಲದಾಗ, ಬಿಗಿ ಕಾನೂನಿನ ರಾಜ್ಯವನ್ನು ಸಡಿಲ ಕಾನೂನಿನ ನೆರೆರಾಜ್ಯ ಸೋಲಿಸದಂತೆ ನೋಡಿಕೊಳ್ಳುವುದಷ್ಟೇ ಕೈಗೆಟಕುವಂತಿತ್ತು. ಖರೀದಿದಾರನ ಮನೆಯ ವಿಳಾಸವೇ ಕಾನೂನಿನ ಕೀಲು ಆದದ್ದು ಹೀಗೆ.

ಮುಂದಿನ ತಿರುವು 1986ರದು. ಬಂದೂಕು ಕಾಯ್ದೆಗಳನ್ನು ಜಾರಿ ಮಾಡುವ ಎಟಿಎಫ್ ಸಂಸ್ಥೆ ಸಣ್ಣಪುಟ್ಟ ಲೆಕ್ಕದ ತಪ್ಪುಗಳಿಗೂ ವ್ಯಾಪಾರಿಗಳನ್ನು ಕಾಡುತ್ತಿದೆ ಎಂಬ ದೂರು ಬಲಿತಿತ್ತು. ಇಡಾಹೊದ ಸೆನೆಟರ್ ಮೆಕ್ಲೂರ್, ಮಿಸೌರಿಯ ಪ್ರತಿನಿಧಿ ವೋಲ್ಕ್‌ಮರ್ ಇಬ್ಬರೂ ತಂದ ಮಸೂದೆ, ಎರಡೂ ರಾಜ್ಯಗಳ ಕಾನೂನು ಒಪ್ಪುವುದಾದರೆ ಪಿಸ್ತೂಲನ್ನೂ ಬೇರೆ ರಾಜ್ಯದಲ್ಲಿ ಮುಖಾಮುಖಿಯಾಗಿ ಕೊಳ್ಳಬಹುದೆಂದು ಪ್ರಸ್ತಾಪಿಸಿತ್ತು. ಪೊಲೀಸ್ ಸಂಘಟನೆಗಳು ಬಹಿರಂಗವಾಗಿ ಎದುರು ನಿಂತವು. ಸುಲಭವಾಗಿ ಬಚ್ಚಿಡಬಹುದಾದ ಆಯುಧವೇ ಬೀದಿ ಅಪರಾಧಗಳಲ್ಲಿ ಎದುರಾಗುವುದು ಎಂಬುದು ಅವುಗಳ ವಾದ. ಕೊನೆಗೆ ಪಿಸ್ತೂಲಿನ ಮೇಲಿನ ನಿರ್ಬಂಧ ಹಾಗೇ ಉಳಿಯಿತು, ರೈಫಲ್ ಮತ್ತು ಶಾಟ್‌ಗನ್‌ಗಳಿಗೆ ಮಾತ್ರ ನೆರೆರಾಜ್ಯದ ಮಿತಿ ಹೋಗಿ ಯಾವ ರಾಜ್ಯದ ಪರವಾನಗಿದಾರನಿಂದಲಾದರೂ ಕೊಳ್ಳುವ ಅವಕಾಶ ಬಂತು. ಟೆಕ್ಸಾಸಿನ ಕೌಂಟರಿನ ಎರಡು ನೀತಿ ಹುಟ್ಟಿದ್ದು ಈ ರಾಜಿಯಲ್ಲಿ.

ಈ ಚೌಕಟ್ಟಿನ ಒಳಗೆ ಸಣ್ಣ ಕೋಣೆಗಳು ಹಲವು. ಬಂದೂಕಿನ ಉಳಿದ ಭಾಗಗಳನ್ನು ಜೋಡಿಸುವ ಮುಖ್ಯ ಒಡಲು ಬಿಡಿಯಾಗಿದ್ದಾಗ ರೈಫಲ್ಲೂ ಅಲ್ಲ, ಶಾಟ್‌ಗನ್ನೂ ಅಲ್ಲವಾದ್ದರಿಂದ ಅದಕ್ಕೂ ಸ್ವಂತ ರಾಜ್ಯದ ವ್ಯಾಪಾರಿಯೇ ಬೇಕು. ಎರಡು ರಾಜ್ಯಗಳಲ್ಲಿ ಮನೆಯಿದ್ದು ವರ್ಷದ ಒಂದೊಂದು ಭಾಗವನ್ನು ಒಂದೊಂದರಲ್ಲಿ ಕಳೆಯುವವನು ಆಯಾ ಕಾಲದಲ್ಲಿ ಆಯಾ ರಾಜ್ಯದ ನಿವಾಸಿ ಎನಿಸುತ್ತಾನೆ. ಸೈನಿಕನಿಗೆ ಅವನ ಕಾಯಂ ನಿಯೋಜನೆಯ ಸ್ಥಳವಿರುವ ರಾಜ್ಯವೂ ಲೆಕ್ಕಕ್ಕೆ ಬರುತ್ತದೆ. ಉಯಿಲಿನ ಮೂಲಕ ಬಂದ ಪಿಸ್ತೂಲು ಗಡಿ ದಾಟಬಹುದು. ಆದರೆ ತಂದೆ ಬದುಕಿರುವಾಗಲೇ ಬೇರೆ ರಾಜ್ಯದ ಮಗನಿಗೆ ಉಡುಗೊರೆಯಾಗಿ ಕೊಡುವುದಾದರೆ ಅದು ಪಿಸ್ತೂಲಿರಲಿ, ರೈಫಲಿರಲಿ, ನಡುವೆ ಪರವಾನಗಿದಾರ ಬೇಕೇ ಬೇಕು. ಅಮೆರಿಕದಲ್ಲಿ ನೆಲೆಸಿರುವ ಕನ್ನಡಿಗರಿಗೂ ಸಂಬಂಧಿಸಿದ ಒಂದು ಮಾತಿದೆ: ಎಚ್-1ಬಿ, ವಿದ್ಯಾರ್ಥಿ ವೀಸಾದಂಥ ತಾತ್ಕಾಲಿಕ ವೀಸಾದಲ್ಲಿರುವವರು ಬಂದೂಕು ಹೊಂದುವುದನ್ನು 1998ರ ತಿದ್ದುಪಡಿ ನಿಷೇಧಿಸಿದೆ, ರಾಜ್ಯವೊಂದರ ಬೇಟೆ ಪರವಾನಗಿ ಇದ್ದವರಿಗೆ ವಿನಾಯಿತಿಯಿದೆ. ಗ್ರೀನ್ ಕಾರ್ಡ್ ಬಂದ ಮೇಲೆ ಈ ತಡೆ ಇಲ್ಲ, ಆಗಲೂ ತಾವು ಯಾವ ರಾಜ್ಯದ ನಿವಾಸಿ ಎಂಬುದನ್ನು ದಾಖಲೆಯಿಂದ ತೋರಿಸಬೇಕು.

ನಿಯಮ ಏನನ್ನು ತಡೆಯಿತು? ಅಂಚೆ ವ್ಯಾಪಾರವನ್ನು ಅದು ನಿಜಕ್ಕೂ ಮುಗಿಸಿತು. ಇಂದು ಅಂತರ್ಜಾಲದಲ್ಲಿ ಅಂಗಡಿಯೊಂದರಿಂದ ತರಿಸಿದ ಹೊಸ ಬಂದೂಕು ಖರೀದಿದಾರನ ಮನೆಗೆ ಬಾರದೆ ಸ್ಥಳೀಯ ಪರವಾನಗಿದಾರನ ಅಂಗಡಿಗೆ ಬಂದು ಇಳಿಯುತ್ತದೆ. ಕಳ್ಳಸಾಗಣೆಯನ್ನು ಮಾತ್ರ ಅದು ನಿಲ್ಲಿಸಲಿಲ್ಲ, ಅದರ ವೇಷವನ್ನು ಬದಲಿಸಿತು. ನ್ಯೂಯಾರ್ಕಿನವನು ವರ್ಜೀನಿಯಾದ ಅಂಗಡಿಯಲ್ಲಿ ಪಿಸ್ತೂಲು ಕೊಳ್ಳಲಾಗದು, ಆದರೆ ವರ್ಜೀನಿಯಾದ ಸ್ಥಳೀಯನೊಬ್ಬನಿಗೆ ಹಣ ಕೊಟ್ಟು ಅವನ ಹೆಸರಿನಲ್ಲಿ ಕೊಳ್ಳಿಸಬಹುದು. ಜಮೀನಿನ ವ್ಯವಹಾರದಲ್ಲಿ ನಾವು ಬೇನಾಮಿ ಎನ್ನುವುದಕ್ಕೂ ಇದಕ್ಕೂ ರೀತಿಯಲ್ಲಿ ವ್ಯತ್ಯಾಸವಿಲ್ಲ. ಫ್ಲಾರಿಡಾ, ಜಾರ್ಜಿಯಾಗಳಿಂದ ಉತ್ತರಕ್ಕೆ ಸಾಗುವ 95ನೇ ಅಂತರರಾಜ್ಯ ಹೆದ್ದಾರಿಗೆ ‘ಕಬ್ಬಿಣದ ಕೊಳವೆಮಾರ್ಗ’ ಎಂಬ ಅಡ್ಡಹೆಸರು ಬಿದ್ದದ್ದು ಈ ವ್ಯಾಪಾರದಿಂದಲೇ. ತನ್ನ ಹೆಸರು ಕೆಟ್ಟದ್ದನ್ನು ಕಂಡ ವರ್ಜೀನಿಯಾ 1993ರಲ್ಲಿ ಒಬ್ಬನಿಗೆ ತಿಂಗಳಿಗೆ ಒಂದೇ ಪಿಸ್ತೂಲು ಎಂಬ ಮಿತಿ ಹಾಕಿತು, 2012ರಲ್ಲಿ ತೆಗೆಯಿತು, 2020ರಲ್ಲಿ ಮತ್ತೆ ತಂದಿತು. ಬೇನಾಮಿ ಖರೀದಿಯನ್ನೇ ಹೆಸರಿಸಿ ಶಿಕ್ಷಿಸುವ ಕೇಂದ್ರ ಕಾನೂನು ಬಂದದ್ದು 2022ರ ಜೂನ್‌ನಲ್ಲಿ, ಮೂಲ ಕಾಯ್ದೆಗೆ ಐವತ್ತು ವರ್ಷ ಕಳೆದ ಮೇಲೆ. ಅಲ್ಲಿಯವರೆಗೆ ಅಂಗಡಿಯಲ್ಲಿ ತುಂಬುವ 4473ನೇ ನಮೂನೆಯಲ್ಲಿ ಸುಳ್ಳು ಬರೆದ ಆರೋಪವೇ ಸರ್ಕಾರಿ ವಕೀಲರ ಮುಖ್ಯ ಆಸರೆಯಾಗಿತ್ತು.

ಆ ಆಸರೆ ಎಂಥವರ ಮೇಲೂ ಬೀಳಬಹುದೆಂಬುದನ್ನು ಅಬ್ರಾಮ್‌ಸ್ಕಿ ಪ್ರಕರಣ ತೋರಿಸಿತು. ವರ್ಜೀನಿಯಾದ ಮಾಜಿ ಪೊಲೀಸನೊಬ್ಬ ಪೊಲೀಸರಿಗಿರುವ ರಿಯಾಯಿತಿ ದರದಲ್ಲಿ ಪೆನ್ಸಿಲ್ವೇನಿಯಾದ ತನ್ನ ಚಿಕ್ಕಪ್ಪನಿಗಾಗಿ ಗ್ಲಾಕ್ ಪಿಸ್ತೂಲನ್ನು ಕೊಂಡ. ಪೆನ್ಸಿಲ್ವೇನಿಯಾದ ಪರವಾನಗಿದಾರನ ಮೂಲಕ, ತಪಾಸಣೆ ಮಾಡಿಸಿಯೇ ಅದನ್ನು ದಾಟಿಸಿದ. ಚಿಕ್ಕಪ್ಪನಿಗೆ ಬಂದೂಕು ಹೊಂದಲು ಯಾವ ಅಡ್ಡಿಯೂ ಇರಲಿಲ್ಲ. ಆದರೂ ನಮೂನೆಯಲ್ಲಿ ತಾನೇ ನಿಜವಾದ ಖರೀದಿದಾರನೆಂದು ಬರೆದದ್ದು ಅಪರಾಧವೆಂದು ಸುಪ್ರೀಂ ಕೋರ್ಟ್ 2014ರ ಜೂನ್‌ನಲ್ಲಿ 5–4ರ ಬಹುಮತದಿಂದ ಎತ್ತಿಹಿಡಿಯಿತು. ತೀರ್ಪಿನ ತರ್ಕ ಸರಿಯಿರಬಹುದು. ಹೆದ್ದಾರಿಯಲ್ಲಿ ಗೋಣಿಚೀಲ ತುಂಬಿಸಿಕೊಂಡು ಹೋಗುವವನಿಗಾಗಿ ಹೆಣೆದ ಬಲೆಗೆ ಇಂಥವನು ಸಿಕ್ಕಿದ್ದು ಸಮಾಧಾನದ ಸಂಗತಿಯೆಂದು ನನಗನ್ನಿಸುವುದಿಲ್ಲ.

ನಿಯಮದ ಬುಡವನ್ನೇ ಪ್ರಶ್ನಿಸಿದ ಮ್ಯಾನ್ಸ್ ಪ್ರಕರಣ ಟೆಕ್ಸಾಸಿನದು, ಅದರ ಬೇರು ಮಾತ್ರ ರಾಜಧಾನಿ ವಾಷಿಂಗ್ಟನ್‌ನಲ್ಲಿತ್ತು. ಅಲ್ಲಿನ ಪಿಸ್ತೂಲು ನಿಷೇಧವನ್ನು ಸುಪ್ರೀಂ ಕೋರ್ಟ್ 2008ರಲ್ಲಿ ರದ್ದುಪಡಿಸಿದರೂ ನಗರದಲ್ಲಿ ಬಂದೂಕಿನ ಅಂಗಡಿಯಿರಲಿಲ್ಲ. ಹೊರಗಿನಿಂದ ಬಂದ ಪಿಸ್ತೂಲನ್ನು ದಾಟಿಸಿಕೊಡುವ ಪರವಾನಗಿದಾರ ಇಡೀ ನಗರಕ್ಕೆ ಒಬ್ಬನೇ, ಅವನ ಶುಲ್ಕ 125 ಡಾಲರ್. ಟೆಕ್ಸಾಸಿನ ವ್ಯಾಪಾರಿಯಿಂದ ನೇರವಾಗಿ ಪಿಸ್ತೂಲು ಕೊಳ್ಳಲು ಬಯಸಿದ ವಾಷಿಂಗ್ಟನ್ ದಂಪತಿ ಮತ್ತು ಆ ವ್ಯಾಪಾರಿ ದಾವೆ ಹೂಡಿದರು. ಕೆಳಗಿನ ನ್ಯಾಯಾಲಯ 2015ರಲ್ಲಿ ನಿಷೇಧವನ್ನು ಅಸಂವಿಧಾನಿಕವೆಂದಿತು. ರೈಫಲ್ ಮಾರುವಾಗ ಎರಡು ರಾಜ್ಯಗಳ ಕಾನೂನನ್ನು ತಿಳಿದಿರುವ ವ್ಯಾಪಾರಿ ಪಿಸ್ತೂಲು ಮಾರುವಾಗ ಯಾಕೆ ತಿಳಿಯಲಾರ ಎಂಬ ಪ್ರಶ್ನೆಗೆ ಸರ್ಕಾರದ ಬಳಿ ಗಟ್ಟಿ ಉತ್ತರವಿರಲಿಲ್ಲ. 2018ರ ಜನವರಿಯಲ್ಲಿ ಐದನೆಯ ವಲಯದ ಮೇಲ್ಮನವಿ ನ್ಯಾಯಾಲಯ ಅದನ್ನು ತಿರುಗಿಸಿ, ಐವತ್ತು ರಾಜ್ಯಗಳ ಪಿಸ್ತೂಲು ಕಾನೂನುಗಳನ್ನು ಪ್ರತಿ ಅಂಗಡಿಯವನೂ ಅರೆದು ಕುಡಿದಿರಬೇಕೆಂದು ನಿರೀಕ್ಷಿಸುವುದು ಅವಾಸ್ತವವೆಂದಿತು. ಮರುವಿಚಾರಣೆಯ ಕೋರಿಕೆ ಒಂದೇ ಮತದ ಅಂತರದಿಂದ, 8–7ರಲ್ಲಿ, ಬಿದ್ದುಹೋಯಿತು. 2020ರ ಜೂನ್‌ನಲ್ಲಿ ಸುಪ್ರೀಂ ಕೋರ್ಟ್ ಪ್ರಕರಣವನ್ನು ಕೈಗೆತ್ತಿಕೊಳ್ಳಲು ಒಪ್ಪಲಿಲ್ಲ. ಆದರೆ ಎರಡೇ ವರ್ಷಗಳಲ್ಲಿ ಬ್ರುಯೆನ್ ತೀರ್ಪಿನಲ್ಲಿ ಅದೇ ಕೋರ್ಟ್, ಸರ್ಕಾರದ ಉದ್ದೇಶವನ್ನು ತೂಗಿ ನೋಡುವ ಹಳೆಯ ಅಳತೆಯನ್ನು ಬಿಟ್ಟು, ದೇಶದ ಐತಿಹಾಸಿಕ ಪರಂಪರೆಗೆ ನಿಯಮ ಹೊಂದುತ್ತದೆಯೇ ಎಂಬ ಅಳತೆಯನ್ನು ತಂದಿತು. ಮ್ಯಾನ್ಸ್ ತೀರ್ಪು ನಿಂತಿದ್ದ ನೆಲ ಸರಿದದ್ದು ಆಗ. 1968ರಲ್ಲಿ ಹುಟ್ಟಿದ ನಿಯಮಕ್ಕೆ, ಬಂದೂಕಿನ ಹಕ್ಕನ್ನು ಕಾಯುವ ಸಂವಿಧಾನದ ಎರಡನೆಯ ತಿದ್ದುಪಡಿ ಬಂದ 1791ರ ಕಾಲದ ಪೂರ್ವಜರನ್ನು ಹುಡುಕಿಕೊಡುವ ಕೆಲಸ ಈಗ ಸರ್ಕಾರದ ವಕೀಲರದು.

ವಾಷಿಂಗ್ಟನ್‌ನ ಆ ಒಬ್ಬನೇ ವ್ಯಾಪಾರಿಗೆ 2011ರಲ್ಲಿ ಬಾಡಿಗೆಯ ಜಾಗ ಕೈತಪ್ಪಿ, ಕೆಲವು ತಿಂಗಳು ನಗರದಲ್ಲಿ ಪಿಸ್ತೂಲು ಪಡೆಯುವ ದಾರಿಯೇ ಇರಲಿಲ್ಲ. ಕೊನೆಗೆ ನಗರಾಡಳಿತ ಅವನಿಗೆ ಪೊಲೀಸ್ ಕೇಂದ್ರ ಕಚೇರಿಯ ಕಟ್ಟಡದಲ್ಲಿಯೇ ಜಾಗ ಕೊಟ್ಟಿತು. 2020ರಲ್ಲಿ ಅವನು ವ್ಯಾಪಾರ ನಿಲ್ಲಿಸಿದಾಗ ಬೇರೆ ಯಾರೂ ಇರದ ಕಾರಣ ಪೊಲೀಸ್ ಇಲಾಖೆಯೇ ಬಂದೂಕು ವ್ಯಾಪಾರಿಯ ಪರವಾನಗಿ ಪಡೆಯಿತು, ಹೊರರಾಜ್ಯದಲ್ಲಿ ಕೊಂಡ ಪಿಸ್ತೂಲುಗಳು ನಗರವಾಸಿಗಳ ಕೈ ಸೇರತೊಡಗಿದ್ದು ಪೊಲೀಸರ ಕೌಂಟರಿನಲ್ಲಿ.